ಸಮುರಾಯಿಯ ಎಡಗಾಲಿನ ಬೂಟು

ಮೊದಲು ಕಾಣೆಯಾದದ್ದು ದೊಡ್ಡ ಸೌಟು. ಅದರ ಹಿಂದೆ ಇಕ್ಕಳ, ಅದರ ಹಿಂದೆ ಎರಡು ಹಳೆಯ ಟವೆಲು. ಮಂಗಳವಾರ ಬೆಳಿಗ್ಗೆ ಅಡುಗೆಗೆಂದು ತೊಳೆದಿಟ್ಟಿದ್ದ ಎಲೆಕೋಸೂ ನಾಪತ್ತೆಯಾದಾಗ ಇಸ್ತ್ರಿಯಮ್ಮನಿಗೆ ತಲೆ ಕೆಟ್ಟುಹೋಯಿತು.

"ಇಡೀ ಕೋಸು. ಇಲ್ಲಿಟ್ಟು ನಾಲ್ಕು ಅಂಗಿ ಮಡಚಿ ಬರೋಷ್ಟರಲ್ಲಿ ಮಾಯ. ಅತ್ತೆ, ನೀವೇನಾದ್ರೂ ನೋಡಿದ್ರಾ?"

"ನೋಡೋಕೆ ನನಗೆ ಕಣ್ಣೆಲ್ಲಿದೆ, ತಿನ್ನೋಕೆ ಹಲ್ಲೆಲ್ಲಿದೆ?" ಅಂದಳು ಕಿಟಕಿಯ ಹತ್ತಿರ ಕುರ್ಚಿ ಹಾಕಿಕೊಂಡು ಕೂತಿದ್ದ ಅಜ್ಜಿ. "ನಿನ್ನ ಮಗಳು ಹೋಗುವಾಗ ಚೀಲ ಬಾಗಿಲಿಗೆ ತಗುಲಿ ಧಪ್ ಅಂತು. ಅವಳನ್ನ ಕೇಳು."

ಅಜ್ಜಿಗೆ ಪೊರೆ ಬಂದು ಕಣ್ಣು ಮಂಜಾಗಿ ಮೂರು ವರ್ಷವಾಗಿತ್ತು. ಆದರೆ ಕಿವಿ ಮಾತ್ರ ಹದ್ದಿನ ಕಣ್ಣಿನಷ್ಟೇ ಚುರುಕು. ಯಾರು ಬಂದರು, ಯಾರು ಹೋದರು, ಯಾರು ಸಕ್ಕರೆ ಡಬ್ಬಿ ಮುಚ್ಚದೆ ಬಿಟ್ಟರು ಎನ್ನುವುದೆಲ್ಲ ಅವಳಿಗೆ ಕೂತಲ್ಲೇ ತಿಳಿಯುತ್ತಿತ್ತು.

ಸಂಜೆ ಕೋಸು ವಾಪಸು ಬಂತು. ಎರಡು ಹೋಳಾಗಿತ್ತು, ಮೈಯೆಲ್ಲ ಕತ್ತಿಯೇಟು.

"ಇದಕ್ಕೇನಾಯ್ತೇ?"

"ಕತ್ತು ಕಡಿದ್ವಿ," ಅಂದಳು ಮಗಳು, ಚಪ್ಪಲಿ ಬಿಡುತ್ತ. "ದೆವ್ವದ್ದು. ಏಳನೇ ಏಟಿಗೆ ಸರಿಯಾದ ಸದ್ದು ಬಂತು. ತೊಳೆದಿದ್ದೀನಮ್ಮ, ಬೇಯಿಸಬಹುದು."

ಇಸ್ತ್ರಿಯಮ್ಮ ಬೇಯಿಸಿದಳು. ಬಡಿಸುವ ಹೊತ್ತಿಗೆ ಗಂಡ ತಟ್ಟೆಯನ್ನು ಒಂದು ಗೇಣು ಹಿಂದಕ್ಕೆಳೆದುಕೊಂಡ.

"ನನಗೆ ಬೇಡ. ದೆವ್ವದ ತಲೆ ತಿನ್ನೋ ಗತಿ ನನಗಿನ್ನೂ ಬಂದಿಲ್ಲ ಅಂತ ನಿನ್ನ ಮಗಳಿಗೆ ಹೇಳು."

"ಉಪ್ಪು ಕಮ್ಮಿ ಇದ್ರೆ ಹಾಕ್ಕೋಬಹುದು ಅಂತ ನಿನ್ನ ಗಂಡನಿಗೆ ಹೇಳು," ಅಂದಳು ಮಗಳು.

ಎರಡು ತಿಂಗಳಿಂದ ಆ ಮನೆಯಲ್ಲಿ ಮಾತು ಹೀಗೆ ಸುತ್ತು ಬಳಸಿಯೇ ಹೋಗುತ್ತಿತ್ತು. ನಡುವೆ ನಿಂತ ಇಸ್ತ್ರಿಯಮ್ಮನದು ಅಡಕತ್ತರಿಗೆ ಸಿಕ್ಕ ಅಡಕೆಯ ಪಾಡು. ಮುಂದಿನ ಕೋಣೆಯ ಕಿಟಕಿಯ ಪಕ್ಕ ಉದ್ದನೆಯ ಮೇಜು ಹಾಕಿಕೊಂಡು ಅವಳು ಇಪ್ಪತ್ತು ವರ್ಷದಿಂದ ಬೀದಿಯವರ ಬಟ್ಟೆಯ ಸುಕ್ಕುಗಳನ್ನೆಲ್ಲ ತೆಗೆದವಳು. ಅಪ್ಪ ಮಗಳ ನಡುವಿನ ಈ ಒಂದು ಸುಕ್ಕು ಮಾತ್ರ ಎಷ್ಟು ಒತ್ತಿದರೂ ಹೋಗಲೊಲ್ಲದು.

ಕಾರಣವೇನೋ ಸಣ್ಣದಲ್ಲ. ಗಂಡ ಹಿಂದೆ ಬಸ್ ಕಂಡಕ್ಟರ್ ಆಗಿದ್ದ. ಈಗಲೂ ಎಲ್ಲರ ಬಾಯಲ್ಲಿ ಕಂಡಕ್ಟರೇ. ಹತ್ತೊಂಬತ್ತು ವರ್ಷದ ಹಿಂದೆ ಚಿಲ್ಲರೆಗಾಗಿ ಒಬ್ಬ ಪ್ರಯಾಣಿಕನ ಜೊತೆ ಜಗಳವಾಡುತ್ತ ಬಸ್ಸಿನ ಮೆಟ್ಟಿಲಿನಿಂದ ಹಿಂದಕ್ಕೆ ಬಿದ್ದು ಎಡಗಾಲು ಮುರಿದುಕೊಂಡ. ಕಾಲು ಕೂಡಿತು, ಆದರೆ ಎರಡು ಬೆರಳಿನಷ್ಟು ಗಿಡ್ಡವಾಗಿ ಕೂಡಿತು. ಬೀದಿಯವರಿಗೆಲ್ಲ ಅವನು ಹೇಳಿದ ಕತೆ ಬೇರೆ, ಅದರಲ್ಲಿ ಒಬ್ಬ ಮುದುಕಿಯೂ ಅವಳನ್ನು ಕಾಪಾಡುವ ಪ್ರಸಂಗವೂ ಇದ್ದವು. ಮನೆಯವರು ಆ ಕತೆಯನ್ನು ತಿದ್ದುವ ಗೋಜಿಗೆ ಹೋಗಿರಲಿಲ್ಲ. ಅಂದಿನಿಂದ ಅವನ ಕೆಲಸ ಡಿಪೋದಲ್ಲಿ, ಬಸ್ಸಿನಲ್ಲಿ ಜನ ಮರೆತು ಹೋದ ವಸ್ತುಗಳ ಕೌಂಟರಿನಲ್ಲಿ. ಛತ್ರಿ, ಊಟದ ಡಬ್ಬಿ, ಒಮ್ಮೆ ಒಂದು ಜೊತೆ ಕಟ್ಟುಹಲ್ಲು, ಎಲ್ಲಕ್ಕೂ ಚೀಟಿ ಅಂಟಿಸಿ ಕಾಯುವುದು.

ಆ ಕೌಂಟರಿನ ಪಕ್ಕದ ಕುರ್ಚಿ ಖಾಲಿಯಾಗುವುದಿತ್ತು. ಮಗಳಿಗೆ ಕೊಡಿಸಲು ಅವನು ಹತ್ತು ಜನರ ಮುಂದೆ ಹಲ್ಲು ಗಿಂಜಿ ಒಪ್ಪಿಸಿ ಬಂದಿದ್ದ. ಅರ್ಜಿಯನ್ನು ತನ್ನ ಗುಂಡಗಿನ ಅಕ್ಷರದಲ್ಲಿ ತಾನೇ ತುಂಬಿದ್ದ. ಮಗಳು ಸಹಿ ಹಾಕಲಿಲ್ಲ. ಕಾರ್ಟೂನು ಚಿತ್ರಗಳಿಗೆ ಸದ್ದು ಕೂಡಿಸುವ ಒಂದು ಸ್ಟುಡಿಯೋದಲ್ಲಿ ತಾತ್ಕಾಲಿಕ ಕೆಲಸ ಹಿಡಿದಳು. ಅರ್ಜಿ ಈಗ ಗೋಡೆಯ ಕನ್ನಡಿಯ ಹಿಂದೆ ಸಿಕ್ಕಿಸಿಕೊಂಡು ತಿಂಗಳ ಕೊನೆಗಾಗಿ ಕಾಯುತ್ತಿತ್ತು.

"ಚಿತ್ರ ಮೂಕವಾಗಿ ಬರುತ್ತಮ್ಮ," ಎಂದು ಮಗಳು ಬಟ್ಟೆ ಮಡಚಿಕೊಡುತ್ತ ವಿವರಿಸಿದ್ದಳು. "ಚಿತ್ರದಲ್ಲಿ ಬರೆದಿರೋ ಮನುಷ್ಯ ನಡೆದ್ರೆ ಹೆಜ್ಜೆ ಸದ್ದು ಎಲ್ಲಿಂದ ಬರ್ಬೇಕು? ಯಾರಾದ್ರೂ ನಡೀಬೇಕು. ಕತ್ತಿ ಎಳೆದ್ರೆ ನಿನ್ನ ಸೌಟು ಇಕ್ಕಳಕ್ಕೆ ಉಜ್ಜಬೇಕು. ದೆವ್ವ ರೆಕ್ಕೆ ಬಡಿದ್ರೆ ಒದ್ದೆ ಟವೆಲು."

"ಇದಕ್ಕೆ ಸಂಬಳ ಕೊಡ್ತಾರಾ?"

"ಮೊದಲನೇ ಕಂತು ಪಾಸಾದ್ರೆ ಇಡೀ ಸರಣಿ ನಮ್ಮ ಸ್ಟುಡಿಯೋಗೇ ಬರುತ್ತೆ. ನನ್ನ ಕೆಲಸ ಕಾಯಂ. ಆಗಲಿಲ್ಲ ಅಂದ್ರೆ..." ಎಂದು ಅವಳು ಕನ್ನಡಿಯ ಕಡೆ ನೋಡಿದಳು.

ಸರಣಿ ಜಪಾನಿನ ಹಳೆಯ ಕಾಲದ ಕತ್ತಿವೀರರದು, ಅಂದರೆ ಸಮುರಾಯಿಗಳದು. ಅದರಲ್ಲಿ ಬೆಳಕಿಗಿಂತ ಕತ್ತಲೆ ಹೆಚ್ಚು, ಮನುಷ್ಯರಿಗಿಂತ ದೆವ್ವಗಳು ಹೆಚ್ಚು. ಇಸ್ತ್ರಿಯಮ್ಮ ಕಾಲರ್ ಒತ್ತುತ್ತ ಕತೆ ಕೇಳಿದಳು.

"ಒಂದೂರು. ಆಚೆ ಒಂದು ಹಾಳು ಕೋಟೆ, ಅದರಲ್ಲಿ ದೆವ್ವ. ಕತ್ತಲಾದ್ರೆ ಒಂದೊಂದು ಮಗುವನ್ನ ಎಳ್ಕೊಂಡು ಹೋಗುತ್ತೆ. ಸಮುರಾಯಿ ಹೋಗಿ ಮಕ್ಕಳನ್ನ ಬಿಡು ಅಂತಾನೆ. ಬದಲಿಗೇನು ಕೊಡ್ತೀಯ ಅನ್ನುತ್ತೆ ದೆವ್ವ. ಒಂದು ಕಾಲು ಕೊಟ್ಟು ಬರ್ತಾನೆ."

"ಅಯ್ಯೋ ಪಾಪ. ಊರವರು?"

"ಮಕ್ಕಳನ್ನ ಒಳಗೆ ಕರ್ಕೊಂಡು ಬಾಗಿಲು ಹಾಕ್ಕೋತಾರೆ. ಕುಂಟ ಕಾಲಿಟ್ರೆ ಅಪಶಕುನ ಅಂತ ಅವನನ್ನೇ ಓಡಿಸ್ತಾರೆ."

"ಊರವರು ಎಲ್ಲಾ ಕಡೆ ಒಂದೇ ಬಿಡು," ಅಂದಳು ಇಸ್ತ್ರಿಯಮ್ಮ.

"ಅವನು ಮರದ ಕಾಲು ಕಟ್ಕೊಂಡು ಊರಾಚೆ ಇರ್ತಾನೆ. ಪರದೆ ಮೇಲೆ ಮುಖಾನೇ ಕಾಣಲ್ಲಮ್ಮ, ಬರೀ ಹೆಜ್ಜೆ ಸದ್ದು. ದೆವ್ವ ಮಾತು ತಪ್ಪಿ ಮತ್ತೆ ಬಂದ್ರೂ ಆ ಸದ್ದು ಕೇಳಿದ್ರೆ ಹಿಂದೆ ಸರಿಯುತ್ತೆ. ಇಡೀ ಕಂತು ನಿಂತಿರೋದೇ ಆ ಹೆಜ್ಜೆ ಮೇಲೆ. ಅದೇ ನಮಗೆ ಬರ್ತಿಲ್ಲ."

ಕೋಲು ಕುಟ್ಟಿ ನೋಡಿದ್ದರು, ಮಣೆ ಎಳೆದು ನೋಡಿದ್ದರು. ಸ್ಟುಡಿಯೋದ ಯಜಮಾನ ಸೌಂಡ್ ಮೇಷ್ಟ್ರು ಸ್ವತಃ ಕಾಲಿಗೆ ಹಲಗೆ ಕಟ್ಟಿಕೊಂಡು ನಡೆದು ಮುಗ್ಗರಿಸಿದ್ದರು. ಕೊನೆಗೆ ಮಗಳು ತನ್ನ ಮೊಬೈಲಿನಲ್ಲಿದ್ದ ಒಂದು ಸದ್ದನ್ನು ಕೇಳಿಸಿದಳು. ಟಕ್. ಸರ್ರ್. ಟಕ್. ಸರ್ರ್. ಮೇಷ್ಟ್ರು ಬಾಯಲ್ಲಿದ್ದ ಪೆಪ್ಪರ್‌ಮೆಂಟು ಕಡಿದು, "ಇದೇ. ಯಾರಮ್ಮ ಇವರು? ಕರ್ಕೊಂಡು ಬಾ," ಅಂದರಂತೆ. ಹಿಂದೆ ನಾಯಿಯ ಬೊಗಳು, ಗಾಡಿಗಳ ಹಾರ್ನ್ ಎಲ್ಲ ಸೇರಿಕೊಂಡಿದ್ದರಿಂದ ಮೊಬೈಲಿನದು ಬಳಸುವಂತಿರಲಿಲ್ಲ.

ಇಸ್ತ್ರಿಯಮ್ಮನಿಗೆ ಕೇಳಬೇಕಾಗಿಯೇ ಇರಲಿಲ್ಲ. ಆ ಟಕ್-ಸರ್ರ್ ದಿನಾ ಸಂಜೆ ಆರೂಕಾಲಿಗೆ ಬೀದಿಯ ತಿರುವಿನಲ್ಲಿ ಶುರುವಾಗುತ್ತಿತ್ತು. ಗಂಡನ ಎಡಗಾಲಿನ ಬೂಟಿಗೆ ದಪ್ಪ ಅಟ್ಟೆ, ಅಟ್ಟೆಗೆ ಕಬ್ಬಿಣದ ಲಾಳ. ಸದ್ದು ಕೇಳಿದ್ದೇ ಅವಳು ಇಸ್ತ್ರಿ ಪೆಟ್ಟಿಗೆ ನಿಲ್ಲಿಸಿ, ಹೋಗಿ ಬಾಗಿಲ ಚಿಲಕ ತೆಗೆದು, ಒಲೆಯ ಮೇಲೆ ಚಹಾಕ್ಕೆ ನೀರಿಡುತ್ತಿದ್ದಳು. ಅವನು ಬಾಗಿಲು ತಟ್ಟಿದ್ದು ಅವಳಿಗೆ ನೆನಪೇ ಇಲ್ಲ.

"ಅಪ್ಪನ್ನ ಕೇಳಬಾರದಾ?"

"ಏನಂತ ಕೇಳ್ಲಿ? ಅಪ್ಪ, ನಿನ್ನ ಕುಂಟು ಎರವಲು ಕೊಡು ಅಂತಾನಾ?"

ಅದೂ ನಿಜವೇ. ಚಹಾ ಅಂಗಡಿಯ ಮುಂದೆ ನಾಲ್ಕು ಜನ ಪಡ್ಡೆ ಹುಡುಗರು ಒಮ್ಮೆ ಅವನ ನಡಿಗೆ ಅಣಕಿಸಿದ್ದಕ್ಕೆ ಅವನು ಇವತ್ತಿಗೂ ಡಿಪೋಗೆ ಹಿಂದಿನ ಗಲ್ಲಿಯಿಂದ ಸುತ್ತಿಕೊಂಡು ಹೋಗುತ್ತಾನೆ. ಕಾಲಿನ ಮಾತು ಮನೆಯಲ್ಲಿ ಯಾರೂ ಎತ್ತುವಂತಿಲ್ಲ.

"ಹಾಗಾದ್ರೆ?"

"ಬೂಟು ಕೊಡು. ಮೂರೇ ದಿನ. ನಾನೇ ಹಾಕ್ಕೊಂಡು ನಡೀತೀನಿ."

ಇಸ್ತ್ರಿಯಮ್ಮ ಕೊಟ್ಟಳು. ಸೌಟು ಕಳೆದುಕೊಂಡ ಕೈಗೆ ಬೂಟು ಯಾವ ಲೆಕ್ಕ. ತೊಂದರೆಯಾದದ್ದು ಮರುದಿನ ಬೆಳಿಗ್ಗೆ.

"ಬೂಟೆಲ್ಲಿ?" ಅಂದ ಕಂಡಕ್ಟರು, ಒಂದು ಕಾಲಲ್ಲಿ ಸಾಕ್ಸು ಹಾಕಿಕೊಂಡು.

"ರಿಪೇರಿಗೆ ಕೊಟ್ಟಿದ್ದೀನಿ. ಅಟ್ಟೆ ಸವೆದಿತ್ತು."

"ಹೌದಾ. ನನಗೆ ಗೊತ್ತೇ ಆಗಲಿಲ್ಲ. ಒಳ್ಳೇದಾಯ್ತು ಬಿಡು," ಎಂದು ಅವನು ಹಳೆಯ ಕ್ಯಾನ್ವಾಸ್ ಶೂ ಹುಡುಕಿ, ಒಳಗೆ ಬಟ್ಟೆ ತುರುಕಿಕೊಂಡು ಹೋದ.

ಅವನು ಬೈದಿದ್ದರೆ ಆಗುತ್ತಿತ್ತು. ಒಳ್ಳೇದಾಯ್ತು ಅಂದುಬಿಟ್ಟನಲ್ಲ, ಅದು ಅವಳನ್ನು ಚುಚ್ಚಿತು. ಸುಳ್ಳು ಹೇಳಿ ಅಭ್ಯಾಸವಿಲ್ಲದವಳು. ಗಿರಾಕಿಯ ಜೇಬಿನಲ್ಲಿ ಸಿಕ್ಕ ಗುಂಡಿಯನ್ನೂ ಕಾಗದದಲ್ಲಿ ಸುತ್ತಿ ಹಿಂದಿರುಗಿಸುವವಳು. ಮೂರು ದಿನ ಅನ್ನ ಸರಿಯಾಗಿ ಇಳಿಯಲಿಲ್ಲ. ಶುಕ್ರವಾರ ಸಂಜೆ ಮಗಳು ಬೂಟು ತಂದು ಮೇಜಿನ ಕೆಳಗೆ ಇಟ್ಟಳೋ ಇಲ್ಲವೋ, ಇಸ್ತ್ರಿಯಮ್ಮ ಅದನ್ನು ಚೀಲಕ್ಕೆ ಹಾಕಿಕೊಂಡು ಬೀದಿ ಮೂಲೆಯ ಶೂ ರಿಪೇರಿಯವನ ಹತ್ತಿರ ನಡೆದೇಬಿಟ್ಟಳು. ಬಾಯಲ್ಲಿ ಆಡಿದ್ದನ್ನು ಕೈಯಲ್ಲಿ ಮಾಡಿಬಿಟ್ಟರೆ ಸುಳ್ಳು ಎಲ್ಲಿ ಉಳಿಯುತ್ತದೆ ಎನ್ನುವುದು ಅವಳ ಲೆಕ್ಕ.

ರಿಪೇರಿಯವನು ಲಾಳ ಕಿತ್ತು ಬಿಸಾಡಿ, ಅಟ್ಟೆ ಕೆರೆದು, ದಪ್ಪ ರಬ್ಬರು ಅಂಟಿಸಿದ. "ಇನ್ನು ಇವರು ನಡೆದ್ರೆ ಬೆಕ್ಕು ನಡೆದ ಹಾಗೆ ನೋಡಮ್ಮ," ಅಂದ ಹೆಮ್ಮೆಯಿಂದ. ಅವಳು ಹಗುರಾಗಿ ಮನೆಗೆ ಬಂದಳು. ಮೂರು ದಿನದ ಹಸಿವೆಲ್ಲ ಸೇರಿ ಆ ರಾತ್ರಿ ಎರಡು ಸಲ ಬಡಿಸಿಕೊಂಡಳು.

ಸೋಮವಾರ ಮಗಳು ಮತ್ತೆ ಬೂಟು ಕೇಳಿದಳು. "ನಾನು ಹಗುರ, ಅದಕ್ಕೇ ಸದ್ದು ಕೂರ್ತಿಲ್ಲ ಅಂತಾರೆ ಮೇಷ್ಟ್ರು. ಸೊಂಟಕ್ಕೆ ಮರಳಿನ ಚೀಲ ಕಟ್ಕೊಂಡು ನೋಡೋಣ ಅಂದ್ರು." ಬೂಟು ಎತ್ತಿ ಅಡಿ ತಿರುಗಿಸಿದವಳು ಹಾಗೇ ನಿಂತಳು.

"ಅಮ್ಮ. ಇದರ ಲಾಳ?"

ಇಸ್ತ್ರಿಯಮ್ಮ ಹೇಳಿದಳು. ಹೇಳುತ್ತ ಹೇಳುತ್ತ ಏನು ಮಾಡಿದೆನೆಂದು ಅವಳಿಗೇ ತಿಳಿಯುತ್ತ ಬಂತು.

"ಸುಳ್ಳು ಹೇಳಿದ್ದಕ್ಕೆ ಅಟ್ಟೆ ಹಾಕಿಸಿದ್ಯಾ?"

"ತಡ್ಕೊಳ್ಳೋಕೆ ಆಗಲಿಲ್ಲ ಕಣೇ."

ಮಗಳು ಒಗೆದ ಬಟ್ಟೆಯ ಗಂಟಿನ ಮೇಲೆ ಕುಸಿದು ಕೂತು ನಕ್ಕಳು, ನಗುತ್ತಿದ್ದವಳು ಅತ್ತಳು. ಚಿತ್ರದವರಿಗೆ ಸದ್ದು ಕಳಿಸಲು ಹದಿಮೂರು ದಿನ ಉಳಿದಿತ್ತು. ಅದಾದ ಮೂರನೆಯ ದಿನಕ್ಕೆ ಕನ್ನಡಿಯ ಹಿಂದಿನ ಅರ್ಜಿಯ ಗಡುವು. "ಡಿಪೋದಲ್ಲಿ ಛತ್ರಿಗಳಿಗೆ ಚೀಟಿ ಅಂಟಿಸ್ತೀನಿ ಬಿಡು," ಅಂದಳು ಮೂಗು ಒರೆಸಿಕೊಂಡು. ಇಸ್ತ್ರಿಯಮ್ಮನಿಗೆ ಆ ದಿನ ಮುಟ್ಟಿದ ಅಂಗಿಗಳೆಲ್ಲ ಭಾರವೆನಿಸಿದವು.

ಇತ್ತ ಕಂಡಕ್ಟರು ಹೊಸ ಅಟ್ಟೆಯ ಮೇಲೆ ಸದ್ದಿಲ್ಲದೆ ಓಡಾಡತೊಡಗಿದ. ಅದರಿಂದ ಮನೆಗೆ ಮನೆಯೇ ಹದ ತಪ್ಪಿತು. ಸಂಜೆ ಅವನು ಬಂದದ್ದು ತಿಳಿಯದೆ ಚಿಲಕ ಹಾಕಿಯೇ ಇರುತ್ತಿತ್ತು, ಬಾಗಿಲು ಬಡಿಯಬೇಕಾಯಿತು. ಚಹಾ ತಡವಾಯಿತು. ಅಜ್ಜಿ ಎರಡು ಸಲ ಬೆಚ್ಚಿಬಿದ್ದು, "ಯಾರೋ ಅದು, ಕಳ್ಳನ ಹಾಗೆ ಬರೋದು," ಎಂದು ಸ್ವಂತ ಮಗನಿಗೇ ಕೋಲು ಎತ್ತಿದಳು. ಹಿಂದೆ ಬಂದು ನಿಂತವನನ್ನು ಕಂಡು ಹೌಹಾರಿ ಇಸ್ತ್ರಿಯಮ್ಮ ಯಾರದೋ ಬಿಳಿ ಅಂಗಿಯ ತೋಳು ಸುಟ್ಟಳು.

ಅದೇ ರಬ್ಬರ್ ಅಟ್ಟೆಯ ಮೇಲೆ ಬುಧವಾರ ಸಂಜೆ ಅವನು ಮಗಳ ಕೋಣೆಯ ಬಾಗಿಲಿಗೂ ಬಂದ. ಮಗಳು ಬೆನ್ನು ಹಾಕಿ ಕೂತಿದ್ದಳು. ಕಂಪ್ಯೂಟರಿನಿಂದ ಅವನದೇ ಹೆಜ್ಜೆ ಹೊರಬರುತ್ತಿತ್ತು. ಟಕ್. ಸರ್ರ್. ಅವಳು ನಿಲ್ಲಿಸಿ, ಹಿಂದಕ್ಕೆ ಸರಿಸಿ, ಮತ್ತೆ ಕೇಳಿದಳು.

ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಅಂತ ಗಾದೆ. ಅಪ್ಪ ಮಗಳ ಜಗಳ ಉಣ್ಣುವುದಕ್ಕೆ ಬಿಡಲಿಲ್ಲ.

"ನಿನ್ನ ಮಗಳಿಗೆ..." ಎಂದು ರಾತ್ರಿ ಊಟಕ್ಕೆ ಕೂತಾಗ ಎಂದಿನಂತೆ ಶುರು ಮಾಡಿದವನು ತಟ್ಟೆ ಸರಿಸಿ ನೇರ ಅವಳ ಕಡೆ ತಿರುಗಿದ. ಎರಡು ತಿಂಗಳ ಮೇಲೆ ಅವಳಿಗೆಂದು ಆಡಿದ ಮೊದಲ ಮಾತು. "ನನ್ನ ಕುಂಟು ಮಾರ್ಕೊಂಡ್ಯಾ?"

"ಮಾರಿಲ್ಲಪ್ಪ."

"ಕದ್ದು ರೆಕಾರ್ಡ್ ಮಾಡಿದ್ದೀಯ. ಅಲ್ಲಿ ಹತ್ತು ಜನ ಕೂತು ಕೇಳಿ ನಕ್ಕಿರ್ತಾರೆ."

"ಯಾರೂ ನಗಲಿಲ್ಲ."

"ಬೂಟು ಕೊಟ್ಟಿದ್ದು ನಾನು," ಅಂದಳು ಇಸ್ತ್ರಿಯಮ್ಮ. ಹೊಟ್ಟೆಯಲ್ಲಿದ್ದುದನ್ನೆಲ್ಲ ಒಂದೇ ಉಸಿರಿಗೆ ಹೊರಗೆ ಹಾಕಿದಳು, ರಬ್ಬರಿನವರೆಗೆ. ಅವನು ಪೂರ್ತಿ ಕೇಳಿದ.

"ಚಹಾ ಅಂಗಡಿ ಪಡ್ಡೆಗಳಾದ್ರೂ ಮುಖಕ್ಕೆ ಮುಖ ಕೊಟ್ಟು ಅಣಕಿಸಿದ್ರು," ಅಂದು ಎದ್ದುಹೋದ.

ಮಗಳ ತುತ್ತು ಕೈಯಲ್ಲೇ ಉಳಿಯಿತು. ಮೂರು ದಿನ ಅವನು ಮಧ್ಯಾಹ್ನ, ರಾತ್ರಿ ಎರಡೂ ಹೊತ್ತು ಡಿಪೋದ ಕ್ಯಾಂಟೀನಿನಲ್ಲಿ ಉಂಡು ಬಂದ. ಬೆಳಗಿನ ಚಹಾ ಒಂದನ್ನು ಮಾತ್ರ ಮನೆಯಲ್ಲಿ, ಅದೂ ಗೋಡೆಗೆ ಮುಖ ಮಾಡಿ. ಭಾನುವಾರ ಬೆಳಿಗ್ಗೆ ಅಜ್ಜಿಗೆ ಸಾಕಾಯಿತು.

"ಲೋ, ಇಲ್ಲಿ ಕೂತ್ಕೋ," ಅಂದಳು. "ಇವಳಿಗೆ ನಾಲ್ಕು ವರ್ಷ ಇದ್ದಾಗ ಸಂಜೆ ಕರೆಂಟು ಹೋದ್ರೆ ಏನು ಮಾಡ್ತಿದ್ಲು ಗೊತ್ತಾ?"

"ಅಳ್ತಿದ್ಲು. ಎಲ್ಲಾ ಮಕ್ಕಳೂ ಅಳ್ತವೆ."

"ನಾನು ಎತ್ಕೊಂಡ್ರೂ ನಿಲ್ಲಿಸ್ತಿರಲಿಲ್ಲ. ನಿನ್ನ ಹೆಂಡತಿ ಮೇಣದ ಬತ್ತಿ ಹಚ್ಚಿದ್ರೂ ನಿಲ್ಲಿಸ್ತಿರಲಿಲ್ಲ. ಬೀದಿ ತುದೀಲಿ ನಿನ್ನ ಟಕ್-ಸರ್ರ್ ಕೇಳಿದ ತಕ್ಷಣ ಟಪ್ಪಂತ ನಿಲ್ಲಿಸೋಳು. ನೀನು ಬಂದು ನೋಡಿದಾಗ ನಗ್ತಿದ್ಲು. ಅಳು ನಿನಗೆ ಕಂಡೇ ಇಲ್ಲ. ದೆವ್ವ ಓಡಿಸೋ ಸದ್ದು ಯಾವುದು ಅಂತ ಯಾರೋ ಕೇಳಿದ್ರೆ ಅವಳಿಗೆ ಬೇರೆ ಯಾವುದು ನೆನಪಾಗಬೇಕಿತ್ತು, ಹೇಳು."

ಅವನ ಕೈಯ ಲೋಟದಲ್ಲಿ ಚಹಾ ಆರಿ ಕೆನೆ ಕಟ್ಟಿತು. ಅಡುಗೆಮನೆಯಲ್ಲಿ ಮಗಳು ಪಾತ್ರೆ ಉಜ್ಜುವುದನ್ನು ನಿಲ್ಲಿಸಿದ್ದು ಇಸ್ತ್ರಿಯಮ್ಮನಿಗೆ ತಿಳಿಯಿತು.

ಮಂಗಳವಾರ ಸಂಜೆ ಆರೂಕಾಲು. ಇಸ್ತ್ರಿಯಮ್ಮ ಪ್ಯಾಂಟಿನ ಮಡಿಕೆ ಹಿಡಿಯುತ್ತಿದ್ದಳು. ಬೀದಿಯ ತಿರುವಿನಲ್ಲಿ ಟಕ್ ಅಂತು, ಸರ್ರ್ ಅಂತು. ಅಜ್ಜಿ ಕತ್ತು ನೆಟ್ಟಗೆ ಮಾಡಿದಳು. ಒಳಗಿನಿಂದ ಮಗಳು ಓಡಿ ಬಂದು ಬಾಗಿಲ ಚೌಕಟ್ಟು ಹಿಡಿದು ನಿಂತಳು. ಇಸ್ತ್ರಿಯಮ್ಮ ಹೋಗಿ ಚಿಲಕ ತೆಗೆದಳು.

"ರಬ್ಬರು ಜಾರುತ್ತೆ," ಅಂದ ಕಂಡಕ್ಟರು ಯಾರ ಮುಖವನ್ನೂ ನೋಡದೆ. "ಲಾಳ ಹೊಡೆಸ್ಕೊಂಡು ಬಂದೆ. ನೀರಿಟ್ಟಿಲ್ವಾ ಇನ್ನೂ?"

ಊಟಕ್ಕೆ ಕೂತಾಗ ಅವನು ಅನ್ನ ಕಲಸುತ್ತಲೇ ಕೇಳಿದ. "ಆ ಸಮುರಾಯಿ ಮಕ್ಕಳಿಗೋಸ್ಕರ ಕಾಲು ಕೊಟ್ಟನಂತೆ. ನಿಮ್ಮಜ್ಜಿ ಹೇಳಿದ್ಲು."

"ಹೌದಪ್ಪ."

"ನನ್ನದು ಚಿಲ್ಲರೆ ಜಗಳದಲ್ಲಿ ಹೋಗಿದ್ದು."

"ಗೊತ್ತು."

"ದೆವ್ವಕ್ಕೆ ಗೊತ್ತಾಗಲ್ವಾ?"

"ದೆವ್ವಕ್ಕೆ ಸದ್ದು ಕೇಳುತ್ತೆ ಅಷ್ಟೇ, ಅಪ್ಪ. ಬಸ್ಸಲ್ಲಿ ಏನಾಯ್ತು ಅಂತ ವಿಚಾರಿಸೋಕೆ ಹೋಗಲ್ಲ."

ಅಜ್ಜಿ ಬಾಯಿಗೆ ಸೆರಗು ಹಿಡಿದಳು. ಕಂಡಕ್ಟರು ಎರಡು ತುತ್ತು ತಿಂದು ನೀರು ಕುಡಿದ. "ಯಾವತ್ತು ಬರ್ಬೇಕು?"

ಗುರುವಾರ ಹೋದರು. ಪಕ್ಕದ ತಗಡಿನ ಕಾರ್ಖಾನೆಗೆ ಅಂದು ರಜೆ, ಹಾಗಾಗಿ ಮಧ್ಯಾಹ್ನ ಸ್ಟುಡಿಯೋ ನಿಶ್ಶಬ್ದ. ಇಸ್ತ್ರಿಯಮ್ಮನೂ ಜೊತೆಗಿದ್ದಳು. ಅಜ್ಜಿಯನ್ನು ಎದುರು ಮನೆಯಲ್ಲಿ ಕೂರಿಸಿ, ಬಾಗಿಲಿಗೆ ಬೀಗ ಹಾಕಿ ಹೊರಟಿದ್ದರು. ಮನೆ ಬಿಡುವಾಗ ಇಸ್ತ್ರಿ ಪೆಟ್ಟಿಗೆಯ ಸ್ವಿಚ್ಚು ನೋಡುವುದು ಕಂಡಕ್ಟರನ ಕೆಲಸ. ಹಿಂದೊಮ್ಮೆ ಯಾರದೋ ಮದುವೆಯ ಕೋಟು ಸುಟ್ಟು ಕಂಬಳಿಗೂ ಬೆಂಕಿ ತಗುಲಿದಂದಿನಿಂದ ಅವನು ಅದನ್ನು ಹೆಂಡತಿಗೂ ಬಿಟ್ಟುಕೊಟ್ಟಿರಲಿಲ್ಲ.

ಒಳಗೆ ದಪ್ಪ ಬಾಗಿಲಿನ ಕೋಣೆ. ನೆಲದಲ್ಲಿ ಸಾಲಾಗಿ ಹಲಗೆ, ಮರಳು, ಜಲ್ಲಿಕಲ್ಲು ತುಂಬಿದ ಅಗಲವಾದ ತೊಟ್ಟಿಗಳು. ಗೂಟಕ್ಕೆ ನೇತುಹಾಕಿದ್ದ ತನ್ನ ಸೌಟನ್ನು ಇಸ್ತ್ರಿಯಮ್ಮ ಕಂಡು, ಸೆರಗಿನಿಂದ ಒಮ್ಮೆ ಒರೆಸಿದಳು. ಸೌಂಡ್ ಮೇಷ್ಟ್ರು ಸಾಕ್ಸಿನಲ್ಲೇ ಓಡಾಡುತ್ತ ಕೈ ಮುಗಿದರು. "ಬನ್ನಿ ಸಾರ್. ನಿಮಗೋಸ್ಕರ ನಾವು ಊರೆಲ್ಲ ಹುಡುಕಿದ್ದೀವಿ. ಈ ಹಲಗೆ ಮೇಲೆ ಆ ತುದಿ ತನಕ ನಡೀರಿ, ಸಾಕು."

ಕೆಂಪು ದೀಪ ಹತ್ತಿತು. ರೆಕಾರ್ಡಿಂಗ್ ಶುರುವಾಯಿತು, ಕಂಡಕ್ಟರು ನಡೆದ.

ಹತ್ತೊಂಬತ್ತು ವರ್ಷದಲ್ಲಿ ಅವನು ಅಷ್ಟು ನೆಟ್ಟಗೆ ನಡೆದದ್ದಿಲ್ಲ. ಎದೆ ಮುಂದೆ, ಗಲ್ಲ ಮೇಲೆ, ಎಡಗಾಲನ್ನು ಎತ್ತೆತ್ತಿ ಇಟ್ಟ. ಒಂದು ಸರ್ರ್ ಕೂಡ ಬರಲಿಲ್ಲ.

"ಸಾರ್, ನೀವು ತುಂಬಾ ಚೆನ್ನಾಗಿ ನಡೀತಿದ್ದೀರಿ," ಅಂದರು ಮೇಷ್ಟ್ರು ದುಃಖದಿಂದ.

"ಅಪ್ಪ, ಮನೇಲಿ ನಡೆದ ಹಾಗೆ ನಡಿ."

"ಹಾಗೇ ನಡೀತಿದ್ದೀನಲ್ಲ."

ಹತ್ತು ಸಲ ನಡೆದ. ಹನ್ನೊಂದನೆಯ ಸಲಕ್ಕೆ ಬೇಕೆಂದೇ ಕಾಲೆಳೆಯಲು ಹೋಗಿ ಅದು ನಾಟಕದ ಕುಂಟನ ಹಾಗೆ ಕೇಳಿಸಿ, ಅವನ ಮುಖ ಕೆಂಪಗಾಯಿತು. ಹಣೆಯ ಬೆವರು ಒರೆಸಿಕೊಂಡು, "ಇದು ನನ್ನ ಕೈಲಾಗಲ್ಲಮ್ಮ. ಕ್ಷಮಿಸು," ಅಂದ ಮಗಳಿಗೆ. ಆ ಕ್ಷಮಿಸು ಕೇಳಿ ಮಗಳು ತಲೆ ತಗ್ಗಿಸಿದಳು. ಇಷ್ಟೆಲ್ಲ ಆಗಿ, ಬೂಟು ಬಂದು, ಮನುಷ್ಯನೂ ಬಂದು, ಕೊನೆಗೆ ಆ ಹಾಳು ಸದ್ದು ಮಾತ್ರ ಬರಲೊಲ್ಲದಲ್ಲ ಎಂದು ಇಸ್ತ್ರಿಯಮ್ಮನಿಗೆ ಅನ್ನಿಸಿತು.

"ಇನ್ನೊಂದೇ ಸಲ," ಅಂದಳು ಅವಳು ಮೂಲೆಯ ಸ್ಟೂಲಿನಿಂದ.

ಕೆಂಪು ದೀಪ ಹತ್ತಿತು. ಕಂಡಕ್ಟರು ಹಲಗೆಯ ತುದಿಗೆ ನಿಂತು ಉಸಿರು ಎಳೆದುಕೊಂಡ. ಇಸ್ತ್ರಿಯಮ್ಮ ಮೆಲ್ಲಗೆ ಕೇಳಿದಳು.

"ರೀ, ಬರುವಾಗ ಇಸ್ತ್ರಿ ಸ್ವಿಚ್ಚು ಆಫ್ ಮಾಡಿದ್ರಾ?"

ಅವನ ಮುಖದ ಬಣ್ಣ ಹೋಯಿತು. ಆ ಹೊರಡುವ ಗಡಿಬಿಡಿಯಲ್ಲಿ, ಬೂಟಿಗೆ ಪಾಲಿಶ್ ಹಾಕುವ ಸಂಭ್ರಮದಲ್ಲಿ, ನೋಡಿದ್ದನೋ ಇಲ್ಲವೋ. ಮರುಗಳಿಗೆಯಲ್ಲಿ ಅವನು ಬಾಗಿಲ ಕಡೆ ಹೊರಟಿದ್ದ. ಹಲಗೆಯ ಮೇಲೆ ಟಕ್-ಸರ್ರ್, ಟಕ್-ಸರ್ರ್, ಅಲ್ಲಿಂದ ನೇರ ಮರಳಿನೊಳಗೆ, ಮರಳಿನಿಂದ ಜಲ್ಲಿಯೊಳಗೆ. ತೊಟ್ಟಿ ಯಾವುದು ನೆಲ ಯಾವುದು ನೋಡುವ ವ್ಯವಧಾನವಿಲ್ಲ. ಬಾಗಿಲಿನ ಹಿಡಿ ಹಿಡಿದಾಗ ಹೆಂಡತಿಯ ಧ್ವನಿ ಕೇಳಿಸಿತು.

"ನಾನು ಆಫ್ ಮಾಡಿದ್ದೀನಿ, ಬನ್ನಿ. ನೀವು ಮಾಡಿದ್ರಾ ಅಂತ ಕೇಳಿದೆ ಅಷ್ಟೇ."

ಮೇಷ್ಟ್ರು ಎರಡೂ ಕೈ ತಲೆಯ ಮೇಲಿಟ್ಟುಕೊಂಡಿದ್ದರು. ಆಮೇಲೆ ಗುಂಡಿ ಒತ್ತಿ ಕೇಳಿಸಿದರು. ಕತ್ತಲಲ್ಲಿ ಯಾವುದೋ ಮಗುವಿನ ಕಡೆಗೆ ಯಾರೋ ಧಾವಿಸಿ ಬರುತ್ತಿದ್ದ ಸದ್ದು, ಅದರಲ್ಲಿ ಅನುಮಾನಕ್ಕೆ ಎಡೆಯೇ ಇರಲಿಲ್ಲ.

"ಇದು ಓಡಿ ಬರೋದು ಆಯ್ತು," ಅಂದರು ಮೇಷ್ಟ್ರು. "ಇನ್ನು ನಿಧಾನಕ್ಕೆ ಬರೋದು ಒಂದು ಬೇಕು."

"ಸುಳ್ಳು ಹೇಳೋದೂ ಕಲಿತ್ಯಲ್ಲೇ," ಅಂದ ಕಂಡಕ್ಟರು ಹೆಂಡತಿಗೆ, ಮರಳು ಕೊಡವುತ್ತ.

"ಪ್ರಶ್ನೆ ಕೇಳೋದು ಸುಳ್ಳು ಹೇಗಾಗುತ್ತೆ?"

ಅವನಿಗೆ ನಗು ಬಂತು. ನಗುತ್ತಲೇ ಹಲಗೆಯ ತುದಿಗೆ ವಾಪಸು ನಡೆದ. ಆ ನಡಿಗೆಯಲ್ಲಿ ಕಾಲು ತನ್ನ ಪಾಡಿಗೆ ತಾನು ಎಳೆಯುತ್ತಿತ್ತು. ಮಗಳು ಅಷ್ಟರಲ್ಲಿ ಕೆಂಪು ದೀಪ ಹಾಕಿಬಿಟ್ಟಿದ್ದಳು.

ಸದ್ದು ಕಳಿಸಿದ ಎರಡನೆಯ ದಿನಕ್ಕೆ ಚಿತ್ರದವರಿಂದ ಉತ್ತರ ಬಂತು. ಮಗಳು ಫೋನು ಕಿವಿಯಿಂದ ತೆಗೆಯದೆ ಅಮ್ಮನ ಭುಜ ಹಿಡಿದುಕೊಂಡು ನಿಂತಳು, ಇಸ್ತ್ರಿ ಪೆಟ್ಟಿಗೆ ಇಬ್ಬರ ನಡುವೆ ಹಬೆಯಾಡುತ್ತಿತ್ತು. "ಪಾಸು," ಅಂದಳು. "ಇಡೀ ಸರಣಿ." ಅಜ್ಜಿ, "ಇನ್ನಾದ್ರೂ ಸೌಟು ವಾಪಸು ಬರುತ್ತಾ?" ಎಂದು ಕೇಳಿದಳು.

ಸಂಜೆ ಸುದ್ದಿ ಕೇಳಿದ ಕಂಡಕ್ಟರು ಹೂಂ ಅಂದ. ಬಟ್ಟೆ ಬದಲಿಸಿ ಬಂದು, ಕನ್ನಡಿಯ ಹಿಂದಿನಿಂದ ಅರ್ಜಿ ತೆಗೆದು ಓದಿದ. ಒಳ್ಳೆಯ ಅಕ್ಷರ ಎಂದು ತನ್ನಷ್ಟಕ್ಕೆ ಹೇಳಿಕೊಂಡು ನಾಲ್ಕು ಮಡಿಕೆ ಮಡಚಿದ. ವರ್ಷಗಳಿಂದ ಕುಣಿಯುತ್ತಿದ್ದ ಇಸ್ತ್ರಿ ಮೇಜಿನ ಕಾಲಿನ ಕೆಳಗೆ ಅದನ್ನು ತುರುಕಿ, ಮೇಲೆ ಒಮ್ಮೆ ಕೈ ಊರಿ ನೋಡಿದ. ಮೇಜು ಅಲ್ಲಾಡಲಿಲ್ಲ.

"ಇನ್ನು ಒಂದು ಮಾತು," ಅಂದ ಮಗಳಿಗೆ. "ನಾಳೆಯಿಂದ ನನ್ನ ಜೊತೆಗೇ ಹೊರಡು, ಬಸ್ ಸ್ಟಾಪಿನ ತನಕ. ಚಹಾ ಅಂಗಡಿ ಮುಂದಿನಿಂದಲೇ ಹೋಗೋಣ."

ಮೊದಲನೆಯ ಕಂತು ಶನಿವಾರ ಸಂಜೆ ಏಳಕ್ಕೆ ಟಿವಿಯಲ್ಲಿ ಬಂತು. ನಾಲ್ವರೂ ಮುಂದಿನ ಕೋಣೆಯಲ್ಲಿ ಕೂತರು. ಕೋಟೆ ಬಾಗಿಲಿನ ಮರಿದೆವ್ವದ ಕತ್ತು ಕಡಿದಾಗ ಅಜ್ಜಿ, "ಕೋಸು," ಅಂದಳು ತೃಪ್ತಿಯಿಂದ. ಊರವರು ಬಾಗಿಲು ಹಾಕಿಕೊಂಡಾಗ ಕಂಡಕ್ಟರು ಹಲ್ಲು ಕಡಿದ. ಆಮೇಲೆ ಪರದೆ ಪೂರ್ತಿ ಕತ್ತಲಾಯಿತು. ಮೂಲೆಯ ಗುಡಿಸಲಲ್ಲಿ ಒಂದು ಮಗು ಮುದುಡಿ ಕೂತು ಅಳುತ್ತಿತ್ತು, ದೆವ್ವದ ರೆಕ್ಕೆ ಹತ್ತಿರ ಹತ್ತಿರ ಬರುತ್ತಿತ್ತು. ಅದು ತನ್ನ ಒದ್ದೆ ಟವೆಲು ಎಂದು ತಿಳಿದಿದ್ದರೂ ಇಸ್ತ್ರಿಯಮ್ಮ ಅಂಗೈ ಬಿಗಿ ಹಿಡಿದಿದ್ದಳು.

ದೂರದಲ್ಲಿ ಟಕ್ ಅಂತು. ಸರ್ರ್ ಅಂತು.

ಮಗು ಅಳು ನಿಲ್ಲಿಸಿತು.

ಇಸ್ತ್ರಿಯಮ್ಮ ಎದ್ದಳು. ಏಕೆ ಎದ್ದಳೆಂದು ಅವಳಿಗೇ ಗೊತ್ತಿಲ್ಲ. ಎರಡು ಹೆಜ್ಜೆ ನಡೆದು ಬಾಗಿಲ ಚಿಲಕ ತೆಗೆದಿದ್ದಳು, ಇನ್ನೇನು ಒಲೆಯ ಕಡೆ ತಿರುಗಬೇಕು.

"ಎಲ್ಲಿಗೇ?" ಅಂದ ಕಂಡಕ್ಟರು ಹಿಂದಿನಿಂದ. "ನಾನಿಲ್ಲೇ ಇದ್ದೀನಲ್ಲ."

ಅವಳು ಚಿಲಕದ ಮೇಲೆ ಕೈಯಿಟ್ಟುಕೊಂಡೇ ತಿರುಗಿ ನೋಡಿದಳು. ಅವನು ಎಡಗಾಲನ್ನು ಮುಂದಕ್ಕೆ ಚಾಚಿ ಕೂತಿದ್ದ. ಮಗಳು ಅವನ ತೋಳಿಗೆ ತಲೆ ಆನಿಸಿದ್ದಳು.

"ಹೂಂ," ಅಂದಳು ಇಸ್ತ್ರಿಯಮ್ಮ. "ಆದ್ರೂ ನೀರಿಡ್ತೀನಿ."